ಯಾವುದು ಮೊದಲೋ ಅದು

ಕಾರು ಕೆಟ್ಟಾಗ ವರ್ಕ್‌ಶಾಪಿಗೆ ಹೋಗುವವರು ನಾವೆಲ್ಲ. ಕಾರು ಚೆನ್ನಾಗಿರುವಾಗ ಹೋಗುತ್ತಿದ್ದವರು ನಮ್ಮ ಅಂಗಡಿ ಸಾಲಿನಲ್ಲಿ ಕಾಕಾ ಒಬ್ಬರೇ. ಕೊಪ್ಪದ ಬಸ್‌ಸ್ಟ್ಯಾಂಡಿನಿಂದ ಸ್ವಲ್ಪ ಮೇಲೆ ನನ್ನದೊಂದು ಸ್ಟೇಷನರಿ ಅಂಗಡಿ. ಪಕ್ಕದ್ದು ಅವರ ಪಾತ್ರೆ ಅಂಗಡಿ. ಎರಡರ ಮಧ್ಯೆ ಒಂದೇ ಗೋಡೆ. ಊರಿಗೆಲ್ಲ ಅವರು ಕಾಕಾ, ನನಗೂ ಕಾಕಾ. ಹೋದ ವರ್ಷ ಮಳೆಗಾಲ ಮುಗಿಯುವ ಹೊತ್ತಿಗೆ ತೀರಿಕೊಂಡರು. ಮಲಗಿ ನರಳಲಿಲ್ಲ. ಬೆಳಗಿನ ನಮಾಜು ಮುಗಿಸಿ, ಚಹಾ ಕುಡಿದು, ಕುರ್ಚಿಯಲ್ಲಿ ಕೂತವರು ಕೂತಲ್ಲೇ ಹೋದರು. ಈಗ ಅಂಗಡಿಯನ್ನು ಅವರ ಮಗಳು ನೋಡಿಕೊಳ್ಳುತ್ತಾಳೆ.

ಗಿರಾಕಿಗೆ ಯಾವ ಪಾತ್ರೆ ಕೊಡುವಾಗಲೂ ಅವರು ಬೆರಳು ಮಡಚಿ ಗೆಣ್ಣಿನಿಂದ ಒಮ್ಮೆ ತಟ್ಟುತ್ತಿದ್ದರು. ಕಿವಿ ಹತ್ತಿರ ತಂದು ಕೇಳುತ್ತಿದ್ದರು. ಸದ್ದು ಒಪ್ಪಿಗೆಯಾದರೆ ಕೈಗೆ ಕೊಡುವುದು, ಇಲ್ಲವಾದರೆ ಮಾತಿಲ್ಲದೆ ಮತ್ತೆ ಶೆಲ್ಫಿಗೆ ಇಡುವುದು. ತಪಲೆಗೂ ಅಷ್ಟೇ, ಟಿಫಿನ್ ಡಬ್ಬಿಗೂ ಅಷ್ಟೇ. ಕುಕ್ಕರ್ ಕೊಂಡವರಿಗೆ ಮಾತ್ರ ಇದರ ಜೊತೆಗೆ ಒಂದು ಉಪದೇಶ ಇರುತ್ತಿತ್ತು: ವರ್ಷಕ್ಕೊಮ್ಮೆ ಗ್ಯಾಸ್ಕೆಟ್ ಬದಲಿಸಬೇಕು, ಸೋರಲಿ ಬಿಡಲಿ. ಕುಕ್ಕರ್ ಕೊಂಡು ಹೋದವರು ಅಷ್ಟಕ್ಕೆ ಪಾರಾಗುತ್ತಿರಲಿಲ್ಲ. ಮದುವೆ ಮನೆಯ ಊಟದ ಪಂಕ್ತಿಯಲ್ಲಿ, ಬಸ್ಸಿನಲ್ಲಿ, ಔಷಧಿ ಅಂಗಡಿಯೆದುರು ಎಲ್ಲಿ ಸಿಕ್ಕರೂ ಕ್ಷೇಮ ವಿಚಾರಿಸಿದ ಮೇಲೆ ಅವರ ಎರಡನೆಯ ಪ್ರಶ್ನೆ ಗ್ಯಾಸ್ಕೆಟ್ಟಿನದು. ಬೇಗಾರಿನ ಕಡೆಯಿಂದ ಬರುವ ಒಬ್ಬ ಟೀಚರ್ ಗ್ಯಾಸ್ಕೆಟ್ ಬದಲಿಸಿಲ್ಲ ಎಂಬ ಅಂಜಿಕೆಗೆ ಕಾಕಾರ ಕಣ್ಣು ತಪ್ಪಿಸಿ ರಸ್ತೆಯ ಆ ಬದಿಯಿಂದ ಸುತ್ತಿ ಬಂದು ನನ್ನ ಅಂಗಡಿ ಹೊಗುತ್ತಿದ್ದರು. ಕಾಕಾ ಅದನ್ನು ನೋಡಿಯೂ ನೋಡದವರ ಹಾಗೆ ಇದ್ದು, ಮರುದಿನ ಒಂದು ಗ್ಯಾಸ್ಕೆಟ್ ನನ್ನ ಮೇಜಿನ ಮೇಲಿಟ್ಟು ಹೋದರು. ಆ ಟೀಚರ್ ಬಂದರೆ ಕೊಡು, ಹೆದರಿಕೊಂಡು ಬಿಸಿಲಲ್ಲಿ ಸುತ್ತಿ ಬರುವುದು ಬೇಡ ಅನ್ನು ಎಂದರು.

ಸೋರುತ್ತಿಲ್ಲವಲ್ಲ, ಯಾಕೆ ಬದಲಿಸಬೇಕು ಎಂದು ನಾನೇ ಒಮ್ಮೆ ವಾದಿಸಿದ್ದೆ.

"ಸೋರಿದ ಮೇಲೆ ಬದಲಿಸೋದು ರಿಪೇರಿ ಮಾರಾಯ್ತಿ. ಸೋರೋ ಮುಂಚೆ ಬದಲಿಸೋದು ಸರ್ವಿಸು" ಎಂದರು.

ಕಾಕಾಗೆ ಇಬ್ಬರು ತಮ್ಮಂದಿರು. ನಡುವಿನವರದ್ದು ಶೃಂಗೇರಿಯಲ್ಲಿ ಕೊಡೆ, ಬ್ಯಾಗುಗಳ ಅಂಗಡಿ. ಯಾತ್ರಿಕರ ಜೊತೆ ದಿನವಿಡೀ ಮಾತಾಡಿ ರೂಢಿಯಾಗಿ ಮನೆಯಲ್ಲೂ ಅದೇ ದನಿಯಲ್ಲಿ ಮಾತಾಡುವ ಖುಷಿಯ ಮನುಷ್ಯ. ಕಿರಿಯವರದ್ದು ಎನ್.ಆರ್.ಪುರದಲ್ಲಿ ಎಲೆಕ್ಟ್ರಿಕಲ್ ಅಂಗಡಿ. ಮಾತು ಕಡಿಮೆ, ಕೋಪ ಸ್ವಲ್ಪ ಜಾಸ್ತಿ. ಅವರ ತಾಯಿ, ಎಲ್ಲರ ಬಾಯಲ್ಲಿ ಉಮ್ಮ, ಒಂದೊಂದು ತಿಂಗಳು ಒಂದೊಂದು ಮಗನ ಮನೆಯಲ್ಲಿ ಇರುತ್ತಿದ್ದರು. ಅದು ಯಾರೂ ಹೇರಿದ ಏರ್ಪಾಡಲ್ಲ. ಉಮ್ಮನಿಗೆ ಶೃಂಗೇರಿಯಲ್ಲಿ ಜನ ನೋಡಬೇಕು, ಎನ್.ಆರ್.ಪುರದಲ್ಲಿ ಕಿರಿ ಮಗನ ಮಕ್ಕಳು ಬೇಕು, ಕೊಪ್ಪದಲ್ಲಿ ಹಳೆಯ ಗೆಳತಿಯರು ಬೇಕು.

ವಯಸ್ಸಾದಂತೆ ಉಮ್ಮನ ಮೊಣಕಾಲು ಬಸ್ಸಿನ ಮೆಟ್ಟಿಲಿಗೆ ಒಪ್ಪದೆ ಹೋಯಿತು. ಆಗ ಮೂವರೂ ಕೂಡಿ ಒಂದು ಕಾರು ಕೊಳ್ಳುವುದೆಂದಾಯಿತು. ಶಿವಮೊಗ್ಗದ ಶೋರೂಮಿಗೆ ಉಮ್ಮನನ್ನೇ ಕರೆದುಕೊಂಡು ಹೋದರು. ಸಣ್ಣ ಕಾರಿನೊಳಗೆ ಉಮ್ಮ ಬಿದ್ದ ಹಾಗೆ ಕೂತರು, ಏಳಿಸುವಾಗ ಇಬ್ಬರು ಎಳೆಯಬೇಕಾಯಿತು. ದೊಡ್ಡ ಜೀಪಿನಂಥದ್ದಕ್ಕೆ ಹತ್ತಲಾಗಲಿಲ್ಲ. ಕೊನೆಗೆ ಅಲ್ಲಿಯ ಹುಡುಗಿ ಇನ್ನೊಂದನ್ನು ತೋರಿಸಿ, ಇದು ಕ್ರಾಸ್‌ಓವರ್, ಅತ್ತ ಜೀಪೂ ಅಲ್ಲ ಇತ್ತ ಕಾರೂ ಅಲ್ಲ, ಫ್ಯಾಮಿಲಿಗೆ ಹೇಳಿ ಮಾಡಿಸಿದ್ದು ಎಂದಳು. ಉಮ್ಮ ತಿರುಗಿ ಸಲೀಸಾಗಿ ಕೂತರು, ಸಲೀಸಾಗಿ ಎದ್ದರು. ಇದು ನನ್ನ ಮಂಚದಷ್ಟೇ ಎತ್ತರ ಇದೆ, ಇದು ಸಾಕು ಎಂದುಬಿಟ್ಟರು. ಹುಡುಗಿ ಮೈಲೇಜು, ಪರದೆ, ಕ್ಯಾಮೆರಾ ಎಂದು ವಿವರಿಸುತ್ತಿರುವಾಗ ಕಾಕಾ ಸರ್ವಿಸ್ ಪುಸ್ತಕ ಕೇಳಿ ಪಡೆದು, ದಾರಕ್ಕೆ ಕಟ್ಟಿದ್ದ ಕನ್ನಡಕ ಏರಿಸಿ, ಅಲ್ಲೇ ನಿಂತು ಓದಲು ಶುರುಮಾಡಿದರಂತೆ. ಇದನ್ನು ನನಗೆ ಹೇಳಿದ್ದು ಶೃಂಗೇರಿಯ ತಮ್ಮ, ನಕ್ಕು ನಕ್ಕು.

ಆ ಪುಸ್ತಕದ ಒಂದು ಮಾತು ಕಾಕಾಗೆ ಬಹಳ ಹಿಡಿಸಿತು. ಎಂಜಿನ್ ಆಯಿಲ್, ಫಿಲ್ಟರ್, ಬ್ರೇಕ್ ಫ್ಲೂಯಿಡ್, ಕೂಲೆಂಟ್, ಹೀಗೆ ಪ್ರತಿಯೊಂದರ ಎದುರಿಗೂ ಇಷ್ಟು ಕಿಲೋಮೀಟರ್ ಅಥವಾ ಇಷ್ಟು ತಿಂಗಳು, ಯಾವುದು ಮೊದಲೋ ಅದು ಎಂದು ಇರುತ್ತದಲ್ಲ, ಆ ಮಾತು. ಕಾರು ಓಡದೆ ನಿಂತಿದ್ದರೂ ತಿಂಗಳು ಓಡುತ್ತಿರುತ್ತದೆ, ಎಷ್ಟು ಸರಿಯಾಗಿ ಬರೆದಿದ್ದಾರೆ ನೋಡು ಎನ್ನುತ್ತಿದ್ದರು. ಆಮೇಲೆ ಅದನ್ನು ಎಲ್ಲದಕ್ಕೂ ಹಚ್ಚತೊಡಗಿದರು. ನೆಂಟರ ಮನೆಗೆ ಹೋಗುವುದು ಅವರು ಕರೆದಾಗ ಅಥವಾ ತಿಂಗಳಿಗೊಮ್ಮೆ, ಯಾವುದು ಮೊದಲೋ ಅದು. ಒಂದು ದಿನ ನಾನೂ ನನ್ನ ಗಂಡನೂ ಅಂಗಡಿಯಲ್ಲೇ ಜಗಳ ಆಡಿ ಮಾತು ಬಿಟ್ಟಿದ್ದೆವು. ಗೋಡೆಯ ಆಚೆಯಿಂದ ದನಿ ಬಂತು.

"ಕೋಪ ಇಳಿಯೋವರೆಗೆ ಅಥವಾ ಸಂಜೆ ಚಹಾದವರೆಗೆ. ಯಾವುದು ಮೊದಲೋ ಅದು."

ಇಬ್ಬರಿಗೂ ನಗು ಬಂತು. ಚಹಾ ಅವತ್ತು ಸ್ವಲ್ಪ ಬೇಗನೇ ಆಯಿತು.

ಕಾರಿಗೆ ಅವರು ಮಾಡಿದ ನಿಯಮ ಒಂದೇ: ಉಮ್ಮ ಎಲ್ಲಿದ್ದಾರೋ ಕಾರು ಅಲ್ಲಿ. ಸರ್ವಿಸ್ ಮಾತ್ರ ಕೊಪ್ಪದಲ್ಲಿ, ಅವರ ಕಣ್ಣೆದುರು. ಶೃಂಗೇರಿಯಿಂದ ಬಂದ ಕಾರಿನ ಸೀಟಿನಡಿಯಲ್ಲಿ ಹೊಳೆ ಮರಳು, ಮಕ್ಕಳು ಉದುರಿಸಿದ ಚಿಪ್ಸ್ ಚೂರು. ಎನ್.ಆರ್.ಪುರದಿಂದ ಬಂದದ್ದರಲ್ಲಿ ವಯರಿನ ತುಂಡು, ಸ್ಕ್ರೂ. ಅದನ್ನೆಲ್ಲ ಗೊಣಗುತ್ತ ಗುಡಿಸಿ, ಗಾಜಿನ ಬುಡದಲ್ಲಿ ಸಿಕ್ಕಿಕೊಂಡ ಎಲೆ ತೆಗೆದು, ಟೈರಿಗೆ ಗೆಣ್ಣಿನಿಂದ ಒಮ್ಮೆ ತಟ್ಟುತ್ತಿದ್ದರು. ಮಳೆ ಶುರುವಾಗುವ ಮೊದಲು ವೈಪರ್ ರಬ್ಬರ್ ಹೊಸದು. ಮಳೆ ಬಿಟ್ಟ ಮೇಲೆ ಕಾರಿನ ಅಡಿಭಾಗದ ಕೆಸರು ತೊಳೆಸುವುದು. ನಡುವೆ ಮುಂದಿನ ಟೈರು ಹಿಂದಕ್ಕೆ, ಹಿಂದಿನದು ಮುಂದಕ್ಕೆ. ಯಾವಾಗಲೂ ಮುಂದೇ ಇದ್ದರೆ ಬೇಗ ಸವೆಯುತ್ತವೆ, ಸ್ವಲ್ಪ ದಿನ ಹಿಂದೆ ಇರಲಿ ಎಂದು ಅವರು ವಿವರಿಸುತ್ತಿದ್ದಾಗ, ಹಾಗಾದರೆ ಅಣ್ಣನನ್ನೂ ಸ್ವಲ್ಪ ದಿನ ಹಿಂದೆ ಹಾಕಿ ಎಂದು ಕಿರಿಯ ತಮ್ಮ ಅಂದಿದ್ದರು. ಅಷ್ಟು ಮಾತಾಡುವವರೇ ಅಲ್ಲ ಅವರು. ಮುಂದಿನ ಸೀಟಿನಲ್ಲಿ ಕೂತಿದ್ದ ಉಮ್ಮ ಸೆರಗು ಬಾಯಿಗೆ ಹಿಡಿದು ನಕ್ಕದ್ದು ನನ್ನ ಅಂಗಡಿಗೆ ಕೇಳಿಸಿತ್ತು.

ಹೀಗೇ ಕೆಲವು ವರ್ಷ ನಡೆಯಿತು. ಆ ವರ್ಷ ಉಮ್ಮ ಎನ್.ಆರ್.ಪುರದಲ್ಲಿರುವಾಗ ಸರ್ವಿಸ್ಸಿನ ದಿನ ಬಂತು. ಉಮ್ಮನಿಗೆ ಸ್ವಲ್ಪ ಕೆಮ್ಮು, ಒಂದು ವಾರ ಬಿಟ್ಟು ಮಾಡಿಸಿದರೆ ಆಗದೇ ಎಂದು ಕಿರಿಯ ತಮ್ಮ ಫೋನಿನಲ್ಲಿ ಕೇಳಿದರು. ಬೆಳಿಗ್ಗೆ ಬಿಟ್ಟರೆ ಸಂಜೆ ವಾಪಸ್, ಬ್ರೇಕ್ ಫ್ಲೂಯಿಡ್ ಬದಲಿಸುವುದಿದೆ, ಉಮ್ಮ ಕೂರುವ ಗಾಡಿ, ತಡ ಮಾಡುವುದು ಬೇಡ ಎಂದರು ಕಾಕಾ. ಕಿರಿಯ ತಮ್ಮ ಕಾರನ್ನು ತಂದುಬಿಟ್ಟು ಬಸ್ಸಿನಲ್ಲಿ ಮರಳಿದರು. ಮಧ್ಯಾಹ್ನ ಕಾರು ವರ್ಕ್‌ಶಾಪಿನ ಗಾಡಿ ಎತ್ತುವ ಲಿಫ್ಟಿನ ಮೇಲೆ ಇದ್ದಾಗ ಫೋನ್ ಬಂತು. ಉಮ್ಮನಿಗೆ ಉಸಿರು ಸಿಕ್ಕುತ್ತಿರಲಿಲ್ಲ. ಅಲ್ಲಿ ತಮ್ಮ ಮೊದಲು ಆಟೊ ಹುಡುಕಿ, ಅದು ಸಾಲದೆಂದು ಯಾರದೋ ಜೀಪು ಹುಡುಕಿ, ಶಿವಮೊಗ್ಗದ ಆಸ್ಪತ್ರೆ ತಲುಪಿಸುವಾಗ ಹೊತ್ತಾಗಿತ್ತು. ಕೆಲವು ದಿನ ಆಸ್ಪತ್ರೆಯಲ್ಲಿದ್ದು ಉಮ್ಮ ತೀರಿಕೊಂಡರು. ಹೃದಯ ಮೊದಲೇ ಸೋತಿತ್ತು, ಸ್ವಲ್ಪ ಮುಂಚೆ ತಂದಿದ್ದರೂ ಉಳಿಯುತ್ತಿದ್ದರು ಎನ್ನಲಾಗದು ಎಂದು ಡಾಕ್ಟರು ಮೂವರನ್ನೂ ಕೂರಿಸಿ ಹೇಳಿದ್ದರು.

ನಾನು ಮಾತಾಡಿಸಲು ಅವರ ಮನೆಗೆ ಹೋದ ದಿನ ಮೂವರೂ ಹೊರಗೆ ಜಗಲಿಯಲ್ಲಿದ್ದರು. ತಮ್ಮತಮ್ಮಲ್ಲಿ ಅವರು ಆಡುವುದು ಬ್ಯಾರಿ ಮಾತು, ನನಗೆ ಅದು ಬರುವುದಿಲ್ಲ. ಆದರೆ ಕಿರಿಯ ತಮ್ಮ ಅವತ್ತು ಅಣ್ಣನಿಗೆ ಕನ್ನಡದಲ್ಲಿ ಹೇಳಿದರು, ಬಂದ ನಾಲ್ಕು ಜನಕ್ಕೂ ತಿಳಿಯಲಿ ಎನ್ನುವ ಹಾಗೆ.

"ಕಾರಿಗೆ ಒಂದು ವಾರ ಕಾಯೋಕೆ ಆಗ್ಲಿಲ್ಲ ಅಲ್ವಾ ನಿಮಗೆ."

ದನಿ ಎತ್ತರಿಸಲಿಲ್ಲ. ಎದ್ದು ಹೋದರು. ಕಾಕಾ ತಲೆ ತಗ್ಗಿಸಿ ಕೂತೇ ಇದ್ದರು. ಕೆಲವು ದಿನ ಕಳೆದು ಅಂಗಡಿ ತೆರೆದಾಗ ನಾನು ಸಮಾಧಾನ ಹೇಳಲು ಹೋಗಿ, ಡಾಕ್ಟರು ಹೇಳಿದ್ದಾರಲ್ಲ ಕಾಕಾ ಎಂದೆ.

"ಡಾಕ್ಟ್ರು ಹೇಳಿದ್ದು ಡಾಕ್ಟ್ರ ಮಾತು. ಅವ ಹೇಳಿದ್ದು ಮಗನ ಮಾತು. ಎರಡೂ ನಿಜ ಇರಬಹುದು" ಎಂದರು.

ಆಮೇಲೆ ಕಾರು ಕೊಪ್ಪದ ಅವರ ಮನೆಯ ಬದಿಯಲ್ಲಿ ಟಾರ್ಪಾಲಿನ ಕೆಳಗೆ ನಿಂತುಬಿಟ್ಟಿತು. ಶೃಂಗೇರಿಯ ತಮ್ಮ ಒಮ್ಮೆ ಬಂದು, ನಾನು ಒಯ್ಯಲೇ ಎಂದು ಕೇಳಿ, ಅಣ್ಣನ ಮುಖ ನೋಡಿ ಬೇಡ ಬಿಡಿ ಎಂದು ಹೋದರು. ಕಾಕಾ ಪಾತ್ರೆ ಮಾರುತ್ತಿದ್ದರು, ಆದರೆ ತಟ್ಟಿ ಕೇಳುವುದು ನಿಂತಿತ್ತು. ಗ್ಯಾಸ್ಕೆಟ್ಟಿನ ಬಗ್ಗೆ ಯಾರನ್ನೂ ಕೇಳುತ್ತಿರಲಿಲ್ಲ. ಬೇಗಾರಿನ ಟೀಚರ್ ಅವರ ಅಂಗಡಿಯ ಮುಂದಿನಿಂದಲೇ ಬಂದರೂ ಕಾಕಾ ನಮಸ್ಕಾರ ಎಂದಷ್ಟೇ ಅಂದರು. ಟೀಚರಿಗೇ ಬೇಸರವಾಯಿತು. ಮುಂದಿನ ಸರ್ವಿಸ್ಸಿನ ದಿನ ಬಂತು, ಹೋಯಿತು. ವರ್ಕ್‌ಶಾಪಿನಿಂದ ನೆನಪಿಸಲು ಫೋನ್ ಬಂದಾಗ ನಾನು ಅಲ್ಲೇ ಇದ್ದೆ. ನೋಡುವಾ ಎಂದಷ್ಟೇ ಹೇಳಿ ಇಟ್ಟರು. ನಮ್ಮ ಸಾಲಿನಲ್ಲಿ ಯಾವುದು ಮೊದಲೋ ಅದು ಎಂದು ತಮಾಷೆಗೂ ಯಾರೂ ಅನ್ನುತ್ತಿರಲಿಲ್ಲ.

ಒಂದು ಶುಕ್ರವಾರ ಮಧ್ಯಾಹ್ನದ ನಮಾಜು ಮುಗಿಸಿ ಬಂದವರು ಅಂಗಡಿಯನ್ನು ಮಗಳಿಗೆ ಬಿಟ್ಟು ಎನ್.ಆರ್.ಪುರದ ಬಸ್ಸು ಹತ್ತಿದರು. ತಮ್ಮನ ಅಂಗಡಿಯಲ್ಲಿ ಗಿರಾಕಿಗಳು ಕೂರಲು ಒಂದು ಸ್ಟೂಲ್ ಇದೆ. ಅದರ ಮೇಲೆ ಹೋಗಿ ಕೂತರು. ಏನು ಬೇಕಿತ್ತು ಎಂದು ತಮ್ಮ ಕನ್ನಡದಲ್ಲಿ, ಬಂದವರನ್ನು ಕೇಳುವ ಹಾಗೆ ಕೇಳಿದರಂತೆ. ಏನೂ ಬೇಡ, ಸ್ವಲ್ಪ ಕೂರುತ್ತೇನೆ ಎಂದರಂತೆ ಇವರು. ಸಂಜೆಯ ಬಸ್ಸಿನವರೆಗೆ ಕೂತು ಬಂದರು. ಮುಂದಿನ ಶುಕ್ರವಾರವೂ ಹೋದರು. ಅದರ ಮುಂದಿನದೂ. ಮರುದಿನ ಬೆಳಿಗ್ಗೆ ಬಾಗಿಲು ತೆಗೆಯುವಾಗ ನಾನು ಏನಾಯಿತು ಎಂದು ಕೇಳುವುದು, ಅವರು ಇಲ್ಲ ಎಂದು ಕೈ ಆಡಿಸುವುದು ರೂಢಿಯಾಯಿತು. ಒಂದು ಶನಿವಾರ ಮಾತ್ರ ಬೀಗದ ಕೈ ಹಿಡಿದೇ ನನ್ನ ಬಾಗಿಲಿಗೆ ಬಂದರು.

"ನಿನ್ನೆ ಚಹಾ ತರಿಸಿಕೊಟ್ಟ. ಸಕ್ಕರೆ ಕಮ್ಮಿ ಹಾಕಿಸಿದ್ದ" ಎಂದರು.

ತಮಗೆ ಸಕ್ಕರೆ ಕಾಯಿಲೆ ಎಂಬುದನ್ನು ತಮ್ಮ ಮರೆತಿಲ್ಲ ಎಂಬುದು ಅವರಿಗೆ ಅವತ್ತು ಇಡೀ ದಿನಕ್ಕೆ ಸಾಕಾಯಿತು. ಗಿರಾಕಿಯೊಬ್ಬರಿಗೆ ಕೊಡುವ ಮೊದಲು ಒಂದು ತಂಬಿಗೆಯನ್ನು ತಟ್ಟಿದ್ದೂ ಕೇಳಿಸಿತು.

ಆ ಮೇಲಿನ ಒಂದು ಶುಕ್ರವಾರ ನನಗೂ ಎನ್.ಆರ್.ಪುರದಲ್ಲಿ ಕೆಲಸವಿತ್ತು. ಅಲ್ಲಿಯ ಶಾಲೆಗೆ ನೋಟ್‌ಬುಕ್ಕಿನ ಕಟ್ಟುಗಳನ್ನು ನನ್ನ ಸಣ್ಣ ಕಾರಿನಲ್ಲಿ ಒಯ್ಯುವವಳಿದ್ದೆ. ಜೊತೆಗೆ ಬನ್ನಿ ಎಂದರೆ ಕಾಕಾ ನನ್ನ ಕಾರಿನ ಟೈರು ನೋಡಿ, ಸರ್ವಿಸ್ ಯಾವಾಗ ಆಗಿದ್ದು ಎಂದು ಕೇಳಿದರು. ನನಗೆ ಸರಿಯಾಗಿ ನೆನಪಾಗಲಿಲ್ಲ. ಹೋಗುವಾಗ ಬಸ್ಸಿನಲ್ಲೇ ಹೋಗುತ್ತೇನೆ, ಬರುವಾಗ ನೋಡುವ ಎಂದರು. ತಿಂಗಳುಗಳ ಮೇಲೆ ಅವರ ಬಾಯಲ್ಲಿ ಸರ್ವಿಸ್ ಎಂಬ ಮಾತು ಬಂದದ್ದಕ್ಕೆ ನನಗೆ ಸಿಟ್ಟು ಬರಲಿಲ್ಲ, ಸಂತೋಷವೇ ಆಯಿತು.

ಕೆಲಸ ಮುಗಿಸಿ ಅವರನ್ನು ಕರೆಯಲು ಎಲೆಕ್ಟ್ರಿಕಲ್ ಅಂಗಡಿಗೆ ಹೋದೆ. ಕಾಕಾ ಸ್ಟೂಲಿನ ಮೇಲೆ, ಕಿರಿಯ ತಮ್ಮ ಕೌಂಟರಿನ ಒಳಗೆ ವಯರ್ ಅಳೆದು ಕೈಗೆ ಸುತ್ತಿಕೊಳ್ಳುತ್ತ ಇದ್ದರು. ನನ್ನನ್ನು ನೋಡಿ ತಲೆಯಾಡಿಸಿದರು. ಆಮೇಲೆ ವಯರಿನ ಕಡೆಗೇ ನೋಡುತ್ತ ಅಣ್ಣನಿಗೆ ಅಂದರು:

"ಪ್ರತಿ ವಾರ ಬಸ್ಸಲ್ಲಿ ಯಾಕೆ ಬರ್ತೀರಿ? ಕಾರಿಲ್ವಾ ಮನೇಲಿ?"

"ಸರ್ವಿಸ್ ಆಗಿಲ್ಲ ಅದಕ್ಕೆ."

"ಯಾಕೆ ಮಾಡಿಸ್ಲಿಲ್ಲ?"

"ನೀನು ಹೇಳಿದ್ರೆ ಮಾಡಿಸ್ತೇನೆ."

ತಮ್ಮ ವಯರ್ ಸುತ್ತುವುದನ್ನು ನಿಲ್ಲಿಸಿದರು. ಹೊರಗೆ ಒಂದು ಲಾರಿ ಹಿಂದಕ್ಕೆ ಸರಿಯುತ್ತಿತ್ತು. ಬಾಗಿಲಲ್ಲಿ ನಿಂತ ನಾನು ಹೊರಗೆ ಹೋಗಲೇ ಒಳಗೆ ಬರಲೇ ತಿಳಿಯದೆ ಸ್ವಿಚ್ಚುಗಳ ಬೋರ್ಡನ್ನು ನೋಡುತ್ತಿದ್ದೆ. ಆಗ ತಮ್ಮ ಏನೋ ಹೇಳಿದರು. ಬ್ಯಾರಿಯಲ್ಲಿ. ಗಟ್ಟಿಯಾಗಿ ಅಲ್ಲ, ಮನೆಯೊಳಗೆ ಮಾತಾಡುವ ದನಿಯಲ್ಲಿ. ಕಾಕಾ ಕನ್ನಡಕ ತೆಗೆದು ಅಂಗಿಯ ಚುಂಗಿನಿಂದ ಒರೆಸಿ ಮತ್ತೆ ಹಾಕಿಕೊಂಡರು, ಮತ್ತೆ ತೆಗೆದು ಒರೆಸಿದರು.

ಬರುವಾಗ ಅವರು ನನ್ನ ಕಾರಿನಲ್ಲೇ ಬಂದರು, ಸರ್ವಿಸ್ಸಿನ ಮಾತೆತ್ತದೆ. ಎನ್.ಆರ್.ಪುರ ದಾಟಿ ಕಾಡಿನ ತಿರುವುಗಳು ಶುರುವಾದ ಮೇಲೆ, ನಿಮ್ಮ ತಮ್ಮ ಏನು ಹೇಳಿದ್ದು ಎಂದು ಕೇಳಿದೆ. ನಾನು ದೊಡ್ಡದೇನನ್ನೋ ನಿರೀಕ್ಷಿಸಿದ್ದೆ.

"ಸರ್ವಿಸ್ಸು ಮಂಗಳವಾರ ಬೇಡ, ಬುಧವಾರ ಇಡಿ, ನಾನೂ ಬರ್ತೇನೆ ಅಂದ" ಎಂದರು ಕಾಕಾ.

ಆ ಮಂಗಳವಾರ ಸಂಜೆ ನನ್ನ ಅಂಗಡಿಗೆ ಬಂದು, ನಾಳೆ ನಿನ್ನ ಕಾರು ಊರಲ್ಲಿರುತ್ತದೆಯೇ ಎಂದು ಕೇಳಿದರು. ಆ ಕಾರು ಲಿಫ್ಟಿನ ಮೇಲೆ ಇರುವಷ್ಟು ಹೊತ್ತು ಇನ್ನೊಂದು ಕಾರು ಕೈಗೆ ಸಿಗುವ ಹಾಗೆ ನಿಂತಿರಬೇಕು ಎಂಬುದು ಅವರ ಯೋಚನೆ. ಮೂರೂ ಮನೆಗೆ ಫೋನ್ ಮಾಡಿ ಯಾರಿಗೂ ಜ್ವರ ನೆಗಡಿ ಇಲ್ಲವೆಂದು ಆಗಲೇ ತಿಳಿದುಕೊಂಡಿದ್ದರು. ಮುಂದೆ ಅವರು ಇರುವವರೆಗೂ ಪ್ರತಿ ಸರ್ವಿಸ್ಸಿನ ಮುನ್ನಾದಿನ ಇದೇ ನಡೆಯಿತು. ಹಾಗೆ ನಿಲ್ಲಬೇಕಾದ ಕಾರೂ ಸರಿಯಿರಬೇಕಲ್ಲ. ಅದರಿಂದಾಗಿ ನನ್ನ ಕಾರಿನ ಆಯಿಲೂ ಫಿಲ್ಟರೂ ಅವರ ಲೆಕ್ಕಕ್ಕೆ ಸೇರಿದವು. ಗಂಡ ಮೊದಮೊದಲು ಮುಖ ಸಿಂಡರಿಸಿದರು. ಆಮೇಲೆ ಅವರೇ, ಕಾಕಾ ಕೇಳುವ ಮೊದಲು ಮಾಡಿಸಿಬಿಡುವಾ ಎನ್ನತೊಡಗಿದರು.

ಬುಧವಾರ ಬೆಳಿಗ್ಗೆ ಟಾರ್ಪಾಲು ಸರಿಸಿದರೆ ಕಾರಿನ ಬ್ಯಾಟರಿ ಸತ್ತಿತ್ತು. ವರ್ಕ್‌ಶಾಪಿನವರೇ ಬಂದು ಇನ್ನೊಂದು ಬ್ಯಾಟರಿ ಜೋಡಿಸಿ ಎಬ್ಬಿಸಬೇಕಾಯಿತು. ಕಾಕಾ ಅದನ್ನು ಪ್ರಾಯದ ಮಕ್ಕಳ ತಪ್ಪು ಮುಚ್ಚಿಡುವ ಹಾಗೆ ಯಾರಿಗೂ ಹೇಳಬೇಡ ಎಂದರು. ಶೃಂಗೇರಿ ರಸ್ತೆಯ ವರ್ಕ್‌ಶಾಪಿನ ಹೊರಗೆ ನನ್ನ ಕಾರನ್ನು ರಸ್ತೆಗೆ ಮುಖ ಮಾಡಿ ನಿಲ್ಲಿಸಿ ನಾನು ಒಳಗೆ ಕೂತೆ. ಶೃಂಗೇರಿಯ ತಮ್ಮ ಆಗಲೇ ಬಂದು, ಮೆಕ್ಯಾನಿಕ್ಕುಗಳನ್ನೆಲ್ಲ ಮಳೆಗಾಲಕ್ಕೆ ಕೊಡೆ ಆಯ್ತಾ ಎಂದು ವಿಚಾರಿಸುತ್ತಿದ್ದರು. ಕಿರಿಯವರು ಎನ್.ಆರ್.ಪುರದ ಬಸ್ಸಿಳಿದು ನಡೆದೇ ಬಂದರು. ಬಂದವರು ಅಣ್ಣನ ಪಕ್ಕದಲ್ಲಿ, ಉದ್ದ ಬೆಂಚಿನ ತುದಿಯಲ್ಲಿ ಕೂತರು.

ಕಾರು ನಿಧಾನ ಮೇಲೇರಿತು. ಕೆಳಗಿನಿಂದ ಕಪ್ಪಾದ ಹಳೆಯ ಆಯಿಲ್ ದಾರವಾಗಿ ಇಳಿಯತೊಡಗಿತು. ಆ ಉದ್ದ ಪೈಪು ಎಂತದ್ದು ಎಂದು ಕಿರಿಯವರು ಕೇಳಿದರು, ಸೈಲೆನ್ಸರಿಗೆ ಹೋಗುವುದು ಎಂದು ಕಾಕಾ ತೋರಿಸಿದರು. ಅದಕ್ಕಿಂತ ಹೆಚ್ಚು ಮಾತು ಅವರ ನಡುವೆ ನಡೆದದ್ದು ನನಗೆ ಕಾಣಲಿಲ್ಲ. ಮೆಕ್ಯಾನಿಕ್ ಏರ್ ಫಿಲ್ಟರ್ ತೆಗೆದು ಬಡಿದು ತೋರಿಸಿದರು, ಇಬ್ಬರೂ ತಲೆಯಾಡಿಸಿದರು. ಟೈರುಗಳು ಹಿಂದೆ ಮುಂದೆ ಆದವು. ಬಿಸಿಲು ಏರಿತು. ನೋಡಿದರೆ, ಹಗಲಲ್ಲಿ ಕಣ್ಣು ಮುಚ್ಚಿದ್ದನ್ನು ನಾನೆಂದೂ ಕಾಣದ ಕಾಕಾ ಕೂತಲ್ಲೇ ನಿದ್ದೆ ಹೋಗಿದ್ದರು. ತಲೆ ಮೊದಲು ಎದೆಗೆ ಬಾಗಿ, ಆಮೇಲೆ ಮೆಲ್ಲಗೆ ವಾಲಿ ತಮ್ಮನ ಹೆಗಲಿಗೆ ಬಂತು. ಕನ್ನಡಕ ಜಾರಿ ದಾರದಲ್ಲಿ ನೇತಾಡಿತು. ತಮ್ಮ ಒಮ್ಮೆ ಅಲುಗಿದರು, ಆಮೇಲೆ ಅಲುಗಲಿಲ್ಲ. ಬೆನ್ನು ನೆಟ್ಟಗೆ ಮಾಡಿ, ಹೆಗಲನ್ನು ಸ್ವಲ್ಪ ತಗ್ಗಿಸಿ ಕೂತರು.

ಕಾರು ಕೆಳಗಿಳಿಯಿತು. ಕೈ ಒರೆಸಿಕೊಳ್ಳುತ್ತ ಮೆಕ್ಯಾನಿಕ್ ಬಂದು, ಆಯ್ತು, ತಗೊಂಡು ಹೋಗಬಹುದು ಎನ್ನಲು ಬಾಯಿ ತೆರೆದರು. ಕಿರಿಯ ತಮ್ಮ ಆ ಹೆಗಲು ಅಲುಗದ ಹಾಗೆ ಇನ್ನೊಂದು ಕೈಯನ್ನು ಮಾತ್ರ ಎತ್ತಿ, ಸ್ವಲ್ಪ ಹೊತ್ತು ಇರಲಿ ಎಂದು ಸನ್ನೆ ಮಾಡಿದರು.